ಬಾಡಿಗೆ ಗಾಡಿ, ಬಾಡಿಗೆ ಮನೆ: ಯಾವುದು ಅಗ್ಗ ಎಂದು ಸಮೀಕರಣ ಹಾಕಿ ತಿಳಿಯುವ ಸಮಗ್ರ ಮಾರ್ಗದರ್ಶಿ

ಎರಡು ಬಾಡಿಗೆ ದರಗಳನ್ನು ಹೋಲಿಸಲು ಹೊರಟವರು ಸಾಮಾನ್ಯವಾಗಿ ಲೆಕ್ಕದಲ್ಲಿ ಎಡವುವುದಿಲ್ಲ. ಸಮೀಕರಣ ಬಿಡಿಸಿದ್ದು ಸರಿಯಾಗಿಯೇ ಇರುತ್ತದೆ. ಆದರೂ ಕೊನೆಗೆ ಕೈಗೆ ಬರುವ ಬಿಲ್ಲು ಬೇರೆಯೇ ಇರುತ್ತದೆ. ನನಗೆ ತೋರಿಸಲು ತಂದ ಲೆಕ್ಕಗಳಲ್ಲಿ ಮತ್ತೆ ಮತ್ತೆ ಕಂಡದ್ದು ಎರಡೇ ತಪ್ಪು: ದರ ಹೇಳಿದವರ ಮಾತನ್ನು ಸಮೀಕರಣಕ್ಕೆ ಇಳಿಸುವಾಗ ಏನೋ ಬಿಟ್ಟುಹೋಗಿರುತ್ತದೆ, ಇಲ್ಲವೇ ಉತ್ತರ ಬಂದ ಮೇಲೆ ಅದು ಯಾವ ವ್ಯಾಪ್ತಿಯಲ್ಲಿದೆ ಎಂದು ನೋಡದೆ ಪೆನ್ನು ಕೆಳಗಿಟ್ಟಿರುತ್ತಾರೆ. ಹಾಗಾಗಿ ಈ ಬರಹದಲ್ಲಿ ಬಿಡಿಸುವ ವಿಧಾನಕ್ಕಿಂತ ಅದರ ಹಿಂದಿನ ಮತ್ತು ಮುಂದಿನ ಹೆಜ್ಜೆಗಳಿಗೆ ಹೆಚ್ಚು ಜಾಗ ಕೊಟ್ಟಿದ್ದೇನೆ.

ಉದಾಹರಣೆಗೆ ಒಂದೇ ಪ್ರಯಾಣವನ್ನು ಕೊನೆಯವರೆಗೂ ಇಟ್ಟುಕೊಳ್ಳೋಣ. ಬೆಂಗಳೂರಿನ ಆರು ಜನರ ಒಂದು ಕುಟುಂಬ ಧರ್ಮಸ್ಥಳ, ಕುಕ್ಕೆ ಸುಬ್ರಹ್ಮಣ್ಯ ನೋಡಿಕೊಂಡು ಎರಡು ದಿನದಲ್ಲಿ ವಾಪಸ್ ಬರಬೇಕು. ಹಾಸನ, ಸಕಲೇಶಪುರ, ಶಿರಾಡಿ ಘಾಟಿಯ ದಾರಿ ಹಿಡಿದರೆ ಹೋಗಿ ಬರುವುದು, ಅಲ್ಲಿನ ಓಡಾಟ ಎಲ್ಲ ಸೇರಿ ಸುಮಾರು 650 ಕಿ.ಮೀ. ಇಲ್ಲಿ ಬರುವ ಬಾಡಿಗೆ ದರಗಳು ಲೆಕ್ಕಕ್ಕಾಗಿ ಇಟ್ಟುಕೊಂಡವು. ನಿಮ್ಮ ಊರಿನ ದರ ಕೇಳಿ ಅದೇ ಜಾಗದಲ್ಲಿ ಹಾಕಿಕೊಳ್ಳಿ.

## ಮೊದಲು ಕೈಯಲ್ಲಿರಬೇಕಾದದ್ದು

ಗೆರೆ ಹಾಕಿದ ಒಂದು ನೋಟ್‌ಬುಕ್, ಒಂದು ಗ್ರಾಫ್ ಹಾಳೆ, ಸ್ಕೇಲು, ಮೊಬೈಲಿನ ಕ್ಯಾಲ್ಕುಲೇಟರ್. ದರ ಹೇಳಿದವರ ಮಾತು ವಾಟ್ಸಾಪ್‌ನಲ್ಲಿ ಬರಹದಲ್ಲೇ ಇರಲಿ. ಫೋನಿನಲ್ಲಿ ಕೇಳಿದ ದರದ ಮೇಲೆ ಸಮೀಕರಣ ಕಟ್ಟಬೇಡಿ, ಅರ್ಧ ಮಾತು ಮರೆತಿರುತ್ತದೆ. ಹಳೆಯ ಪ್ರಯಾಣದ ಎರಡು ಮೂರು ಬಿಲ್ಲುಗಳಿದ್ದರೆ ಅವನ್ನೂ ತೆಗೆದಿಡಿ, ಏಳನೇ ಹಂತದಲ್ಲಿ ಬೇಕಾಗುತ್ತವೆ.

## ಹಂತ 1: ಯಾವುದು ಬದಲಾಗುತ್ತದೆ, ಯಾವುದು ಬದಲಾಗುವುದಿಲ್ಲ ಎಂದು ಗೊತ್ತುಮಾಡಿಕೊಳ್ಳಿ

ಹಾಳೆಯ ಮೇಲ್ತುದಿಯಲ್ಲಿ ಇಷ್ಟು ಬರೆಯಿರಿ: ಕಿ = ಒಟ್ಟು ಕಿಲೋಮೀಟರ್, ವೆ = ಒಟ್ಟು ವೆಚ್ಚ ರೂಪಾಯಿಯಲ್ಲಿ, ದಿನ = 2. ಶಾಲೆಯಲ್ಲಿ ಕಲಿತ ಎಕ್ಸ್, ವೈ ಬದಲು ನಾನು ಹೀಗೆ ಬರೆಯುತ್ತೇನೆ. ಅಕ್ಷರ ಕಂಡೊಡನೆ ಅದು ಯಾವುದರ ಅಳತೆ ಎಂದು ಹೊಳೆಯಬೇಕು. ‘20ಕಿ’ ಎಂದರೆ 20 ಗುಣಿಸು ಕಿಲೋಮೀಟರ್.

ಎರಡೂ ದರಗಳು ಒಂದೇ ಅಳತೆಯಲ್ಲಿ ಇರಲೇಬೇಕು. ಇದು ಗಾಡಿಗಿಂತ ಹೊಲದಲ್ಲಿ ಚೆನ್ನಾಗಿ ಕಾಣುತ್ತದೆ. ರೋಟಾವೇಟರ್ ಹೊಡೆಸಲು ಒಬ್ಬರು ಗಂಟೆಗೆ 1,200 ರೂ. ಎನ್ನುತ್ತಾರೆ, ಇನ್ನೊಬ್ಬರು ಎಕರೆಗೆ 1,800 ರೂ. ಎನ್ನುತ್ತಾರೆ. 1,200 ಚಿಕ್ಕದು ಎಂದು ಮೊದಲಿನವರನ್ನು ಕರೆಯುವಂತಿಲ್ಲ. ಒಂದು ಎಕರೆಗೆ ಒಂದೂವರೆ ಗಂಟೆ ಹಿಡಿದರೆ ಇಬ್ಬರದೂ ಸಮ. ನೆಲ ಹಸಿಯಾಗಿದ್ದು ಎರಡು ಗಂಟೆ ಹಿಡಿದರೆ ಗಂಟೆ ಲೆಕ್ಕದವರಿಗೆ 2,400 ಕೊಡಬೇಕಾಗುತ್ತದೆ. ಗಂಟೆಯನ್ನು ಎಕರೆಗೆ ತಿರುಗಿಸಿಕೊಳ್ಳುವ ತನಕ ಹೋಲಿಕೆಯೇ ಇಲ್ಲ.

## ಹಂತ 2: ದರದ ಮಾತನ್ನು ಬಿಡಿಸಿ ಬರೆಯಿರಿ

ನಮ್ಮ ಕುಟುಂಬಕ್ಕೆ ಮೂರು ಕಡೆಯಿಂದ ದರ ಬಂದಿದೆ ಎಂದುಕೊಳ್ಳಿ.

ಅ: ಡ್ರೈವರ್ ಸಮೇತ ಹಳದಿ ಬೋರ್ಡಿನ ಏಳು ಸೀಟಿನ ಗಾಡಿ. ಕಿ.ಮೀ.ಗೆ 20 ರೂ., ದಿನಕ್ಕೆ ಕನಿಷ್ಠ 300 ಕಿ.ಮೀ., ಡ್ರೈವರ್ ಬಾಟಾ ದಿನಕ್ಕೆ 500. ಡೀಸೆಲ್ ಅವರದು.

ಆ: ನಾವೇ ಓಡಿಸುವ ಗಾಡಿ. ದಿನಕ್ಕೆ 4,000 ರೂ., ಎಷ್ಟು ದೂರ ಓಡಿಸಿದರೂ ಅಷ್ಟೇ. ಡೀಸೆಲ್ ನಮ್ಮದು.

ಇ: ಅದೇ ಮಾದರಿಯ ಗಾಡಿ, ನಾವೇ ಓಡಿಸುವುದು. ದಿನಕ್ಕೆ 2,800 ರೂ., ದಿನಕ್ಕೆ 200 ಕಿ.ಮೀ. ಉಚಿತ, ಮೀರಿದರೆ ಕಿ.ಮೀ.ಗೆ 12 ರೂ. ಡೀಸೆಲ್ ನಮ್ಮದು.

ಪ್ರತಿಯೊಬ್ಬರನ್ನೂ ಒಂದೇ ಪ್ರಶ್ನೆಗಳನ್ನು ಕೇಳಿ. ಜಿಎಸ್‌ಟಿ ಸೇರಿದೆಯೇ? ಟೋಲ್, ಪಾರ್ಕಿಂಗ್ ಯಾರದ್ದು? ಒಂದು ದಿನ ಎಂದರೆ 24 ಗಂಟೆಯೋ, ರಾತ್ರಿ ಹನ್ನೆರಡಕ್ಕೆ ಹೊಸ ದಿನವೋ? ರಾತ್ರಿ ಓಡಿಸಿದರೆ ಬೇರೆ ಬಾಟಾ ಇದೆಯೇ? ಕಿಲೋಮೀಟರ್ ಎಲ್ಲಿಂದ ಎಣಿಸುತ್ತಾರೆ? ಕೊನೆಯ ಪ್ರಶ್ನೆ ಕೇಳದೆ ನಾನೇ ಒಮ್ಮೆ ದುಡ್ಡು ಕಳೆದುಕೊಂಡಿದ್ದೇನೆ. ನಾವು ಮನೆಯವರೆಲ್ಲ ಹೋಗಿ ಬಂದಾಗ ಬಿಲ್ಲಿನಲ್ಲಿ ನನ್ನ ಲೆಕ್ಕಕ್ಕಿಂತ 44 ಕಿ.ಮೀ. ಹೆಚ್ಚಿತ್ತು. ಮೀಟರ್ ಶುರುವಾದದ್ದು ನಮ್ಮ ಬಾಗಿಲಲ್ಲಲ್ಲ, ಅವರ ಶೆಡ್ಡಿನಲ್ಲಿ, ಮುಗಿದದ್ದೂ ಅಲ್ಲೇ. 880 ರೂಪಾಯಿ ಹೋಯಿತು. ಈಗ ಗಾಡಿ ಹತ್ತುವ ಮುಂಚೆ ಮೀಟರಿನ ಫೋಟೋ ತೆಗೆದು ದರ ಹೇಳಿದ ಅದೇ ವಾಟ್ಸಾಪ್‌ಗೆ ಕಳಿಸುತ್ತೇನೆ.

ಎಲ್ಲದರಲ್ಲೂ ಒಂದೇ ಮೊತ್ತ ಬರುವ ಖರ್ಚನ್ನು ಹೋಲಿಕೆಯಿಂದ ಬಿಡಬಹುದು. ಮೂರೂ ಗಾಡಿಗೆ ಟೋಲ್ ನಾವೇ ಕಟ್ಟುವುದಾದರೆ ಅದು ಎರಡೂ ಕಡೆ ಕೂಡಿ ಎರಡೂ ಕಡೆ ಕಳೆದುಹೋಗುತ್ತದೆ. ಡೀಸೆಲ್ ಹಾಗಲ್ಲ. ಅ ದರದಲ್ಲಿ ಅದು ಒಳಗಿದೆ, ಆ ಮತ್ತು ಇ ದರದಲ್ಲಿ ಹೊರಗಿದೆ. ಲೀಟರಿಗೆ 90 ರೂ., 15 ಕಿ.ಮೀ. ಮೈಲೇಜ್ ಎಂದಿಟ್ಟುಕೊಂಡರೆ ಕಿ.ಮೀ.ಗೆ 6 ರೂ. ಇದನ್ನು ಸೇರಿಸದೆ ಅ ಮತ್ತು ಆ ಹೋಲಿಸುವವರು ಬಹಳ. ‘ದಿನಕ್ಕೆ 4,000 ಅಷ್ಟೇ’ ಎಂಬ ಮಾತು ಕಿವಿಯಲ್ಲಿ ಉಳಿಯುತ್ತದೆ, ಬಂಕಿನಲ್ಲಿ ಕೊಡುವ ದುಡ್ಡು ನೆನಪಾಗುವುದಿಲ್ಲ.

ವಾಪಸ್ ಬರುವ ಡಿಪಾಸಿಟ್ ವೆಚ್ಚವಲ್ಲ, ಸಮೀಕರಣಕ್ಕೆ ತರಬೇಡಿ. ಜಿಎಸ್‌ಟಿ ಬೇರೆ ಎಂದರೆ ತೆರಿಗೆ ಬೀಳುವ ಪ್ರತಿ ಅಂಕಿಯನ್ನೂ ಗುಣಿಸಿ. ಸ್ಥಿರ ಮೊತ್ತಕ್ಕೆ ಮಾತ್ರ ತೆರಿಗೆ ಕೂಡಿಸಿ ಕಿಲೋಮೀಟರ್ ದರವನ್ನು ಹಾಗೇ ಬಿಡುವುದು ಮಾಮೂಲಿ ತಪ್ಪು.

## ಹಂತ 3: ಸಮೀಕರಣ ಬರೆಯಿರಿ, ಪಕ್ಕದಲ್ಲೇ ಅದರ ವ್ಯಾಪ್ತಿಯನ್ನೂ ಬರೆಯಿರಿ

ಆ ದರದಿಂದ ಶುರುಮಾಡಿ, ಅದು ನೇರ. ಎರಡು ದಿನಕ್ಕೆ 8,000, ಮೇಲೆ ಡೀಸೆಲ್:

ಆ: ವೆ = 8,000 + 6ಕಿ (ಎಲ್ಲ ದೂರಕ್ಕೂ)

ಅ ದರದಲ್ಲಿ ‘ಕನಿಷ್ಠ’ ಎಂಬ ಮಾತಿದೆ. ಎರಡು ದಿನಕ್ಕೆ ಕನಿಷ್ಠ 600 ಕಿ.ಮೀ. ಅಷ್ಟು ಓಡಲಿ ಬಿಡಲಿ 12,000 ಕೊಡಬೇಕು, ಜೊತೆಗೆ ಬಾಟಾ 1,000. ಆದ್ದರಿಂದ ಒಂದು ದರಕ್ಕೆ ಎರಡು ಸಾಲು:

ಅ: ವೆ = 13,000 (ಕಿ 600ರವರೆಗೆ)
ಅ: ವೆ = 20ಕಿ + 1,000 (ಕಿ 600 ದಾಟಿದರೆ)

ಇ ದರದಲ್ಲಿ ‘ಉಚಿತ’ ಎಂಬ ಮಾತಿದೆ. ಎರಡು ದಿನಕ್ಕೆ 400 ಕಿ.ಮೀ. ಉಚಿತ:

ಇ: ವೆ = 5,600 + 6ಕಿ (ಕಿ 400ರವರೆಗೆ)
ಇ: ವೆ = 5,600 + 6ಕಿ + 12(ಕಿ − 400) (ಕಿ 400 ದಾಟಿದರೆ)

ಎರಡನೆಯದನ್ನು ಸುಲಭ ಮಾಡಿದರೆ ವೆ = 18ಕಿ + 800. ಇಲ್ಲಿ ‘ಕಿ − 400’ ಬದಲು ಬರೀ ‘ಕಿ’ ಬರೆದವರ ಹಾಳೆಗಳನ್ನು ಎಷ್ಟೋ ನೋಡಿದ್ದೇನೆ. ಅದನ್ನು ಹಿಡಿಯಲು ಸುಲಭದ ದಾರಿಯಿದೆ. ರೇಖೆ ಬಾಗುವ ಜಾಗದಲ್ಲಿ, ಅಂದರೆ 400ರಲ್ಲಿ, ಎರಡೂ ಸಾಲಿಗೆ ಬೆಲೆ ಹಾಕಿ. 5,600 + 2,400 = 8,000. 7,200 + 800 = 8,000. ಎರಡೂ ಒಂದೇ, ಸರಿಯಾಗಿದೆ. ಬರೀ ‘12ಕಿ’ ಬರೆದಿದ್ದರೆ 12,800 ಬರುತ್ತಿತ್ತು. 400ನೇ ಕಿಲೋಮೀಟರ್ ದಾಟಿದೊಡನೆ ಬಾಡಿಗೆ 4,800 ರೂಪಾಯಿ ಜಿಗಿಯುತ್ತದೆಯೇ? ಹಾಗೆ ಜಿಗಿದು ಕಂಡರೆ ಸಮೀಕರಣ ತಪ್ಪಿದೆ ಎಂದೇ ಅರ್ಥ.

ಈ ಬಾಗು ಇನ್ನೂ ಮನಸ್ಸಿಗೆ ಇಳಿಯದಿದ್ದರೆ ಬೆಂಗಳೂರಿನ ಆಟೊ ಮೀಟರ್ ನೋಡಿ. 2025ರ ಆಗಸ್ಟ್ 1ರಿಂದ ಜಾರಿಯಾದ ದರದಲ್ಲಿ ಮೊದಲ 2 ಕಿ.ಮೀ.ಗೆ 36 ರೂ., ಆಮೇಲೆ ಕಿ.ಮೀ.ಗೆ 18 ರೂ. 2 ಕಿ.ಮೀ. ದಾಟಿದ ಮೇಲೆ ವೆ = 36 + 18(ಕಿ − 2), ಅದನ್ನು ಬಿಡಿಸಿದರೆ ವೆ = 18ಕಿ. ಚೊಕ್ಕವಾದ ಸಮೀಕರಣ. ಆದರೆ ಅದರಲ್ಲಿ 1 ಕಿ.ಮೀ. ಹಾಕಿದರೆ 18 ರೂ. ಎನ್ನುತ್ತದೆ, ನೀವು ಕೊಡುವುದು 36. ಸಮೀಕರಣದಲ್ಲಿ ದೋಷವಿಲ್ಲ, ಅದನ್ನು ಅದರ ವ್ಯಾಪ್ತಿಯ ಆಚೆ ಬಳಸಿದ್ದು ದೋಷ.

## ಹಂತ 4: ಎರಡೆರಡನ್ನೇ ಸಮ ಮಾಡಿ

ಮೂರನ್ನೂ ಒಟ್ಟಿಗೆ ಹಿಡಿಯಬೇಡಿ. ಒಂದು ಜೋಡಿ ಮುಗಿದ ಮೇಲೆ ಇನ್ನೊಂದು. ಎರಡೂ ಸಮೀಕರಣಗಳು ‘ವೆ =’ ಎಂದೇ ಶುರುವಾಗುವುದರಿಂದ ಆದೇಶ ವಿಧಾನ ಇಲ್ಲಿ ಸಲೀಸು. ಒಂದರ ಬಲಭಾಗವನ್ನು ಇನ್ನೊಂದರ ಬಲಭಾಗಕ್ಕೆ ಸಮ ಮಾಡಿದರಾಯಿತು.

ಆ ಮತ್ತು ಇ, 400ರ ಒಳಗೆ: 8,000 + 6ಕಿ = 5,600 + 6ಕಿ. ಕಿ ಎರಡೂ ಕಡೆ ಹೊಡೆದುಹೋಗಿ 8,000 = 5,600 ಎಂಬ ಆಗದ ಮಾತು ಉಳಿಯುತ್ತದೆ. ಇದನ್ನು ಕಂಡು ಹಾಳೆ ಹರಿದು ಮತ್ತೆ ಶುರು ಮಾಡಬೇಡಿ. ಇವು ಸಮಾಂತರ ರೇಖೆಗಳು, ಎಲ್ಲೂ ಸೇರುವುದಿಲ್ಲ. 400 ಕಿ.ಮೀ. ಒಳಗಿನ ಯಾವ ಪ್ರಯಾಣಕ್ಕೂ ಇ ಸರಿಯಾಗಿ 2,400 ರೂ. ಅಗ್ಗ.

ಆ ಮತ್ತು ಇ, 400ರ ಆಚೆ: 8,000 + 6ಕಿ = 18ಕಿ + 800. 12ಕಿ = 7,200. ಕಿ = 600. ತಾಳೆ ನೋಡಿ: ಆ 8,000 + 3,600 = 11,600; ಇ 10,800 + 800 = 11,600.

## ಹಂತ 5: ಉತ್ತರ ವ್ಯಾಪ್ತಿಯೊಳಗೆ ಇದೆಯೇ ನೋಡಿ

ಹೆಚ್ಚಿನವರು ಬಿಡುವ ಹೆಜ್ಜೆ ಇದೇ. ಮೇಲಿನ 600 ಎಂಬ ಉತ್ತರ ಬಂದದ್ದು ‘400 ದಾಟಿದರೆ’ ಎಂಬ ಸಾಲಿನಿಂದ. 600 ಎಂಬುದು 400ನ್ನು ದಾಟಿದೆ. ಉತ್ತರ ನಿಲ್ಲುತ್ತದೆ.

ಈಗ ಅ ಮತ್ತು ಆ ಹೋಲಿಸಿ. 20ಕಿ + 1,000 = 8,000 + 6ಕಿ. 14ಕಿ = 7,000. ಕಿ = 500. ತಾಳೆ ನೋಡಿದರೂ ಎರಡೂ ಕಡೆ 11,000 ಬರುತ್ತದೆ. ಇಲ್ಲಿಗೆ ನಿಲ್ಲಿಸಿದವರು ‘500 ಕಿ.ಮೀ. ಒಳಗಾದರೆ ಡ್ರೈವರ್ ಗಾಡಿ ಅಗ್ಗ’ ಎಂದು ಬರೆಯುತ್ತಾರೆ. ಆದರೆ ಅ ದರದ ‘20ಕಿ + 1,000’ ಎಂಬ ಸಾಲು ಜೀವ ಪಡೆಯುವುದೇ 600 ದಾಟಿದ ಮೇಲೆ. 500ರಲ್ಲಿ ಅ ಗಾಡಿಯವರು ಕೇಳುವುದು 13,000. 400 ಕಿ.ಮೀ. ಪ್ರಯಾಣಕ್ಕೆ ಈ ತಪ್ಪು ಸಮೀಕರಣ 9,000 ತೋರಿಸುತ್ತದೆ, ಬಿಲ್ಲು ಬರುವುದು 13,000. ಅಡ್ವಾನ್ಸ್ ಕೊಟ್ಟಾದ ಮೇಲೆ ಗೊತ್ತಾಗುವ ನಾಲ್ಕು ಸಾವಿರದ ವ್ಯತ್ಯಾಸ.

ಇನ್ನೊಂದು ಸಾಲನ್ನೂ ನೋಡಿಬಿಡಿ: 13,000 = 8,000 + 6ಕಿ, ಕಿ ಸುಮಾರು 833. ಈ ಸಾಲು ನಡೆಯುವುದು 600ರವರೆಗೆ ಮಾತ್ರ, 833 ಅದರ ಆಚೆ. ಇದೂ ಬಿದ್ದುಹೋಯಿತು. ಎರಡು ಕಡೆಯೂ ಭೇಟಿಯಿಲ್ಲ ಎಂದರೆ ಒಂದು ದರ ಎಲ್ಲ ದೂರಕ್ಕೂ ಅಗ್ಗ. ಯಾವುದು ಎಂದು ತಿಳಿಯಲು ಒಂದೇ ಒಂದು ದೂರ ಹಾಕಿ ನೋಡಿದರೆ ಸಾಕು. 600ರಲ್ಲಿ ಅ 13,000, ಆ 11,600. ಅಲ್ಲಿಗೆ ಈ ದರಗಳಲ್ಲಿ ಅ ಎಂದೂ ಅಗ್ಗವಾಗದು.

## ಹಂತ 6: ಕೋಷ್ಟಕ ಹಾಕಿ, ಗ್ರಾಫ್ ಎಳೆದು, ನಿಮ್ಮ ಪ್ರಯಾಣವನ್ನು ಅದರ ಮೇಲೆ ಗುರುತಿಸಿ

ನಾಲ್ಕು ದೂರ ಸಾಕು:

200 ಕಿ.ಮೀ.: ಅ 13,000, ಆ 9,200, ಇ 6,800
400 ಕಿ.ಮೀ.: ಅ 13,000, ಆ 10,400, ಇ 8,000
600 ಕಿ.ಮೀ.: ಅ 13,000, ಆ 11,600, ಇ 11,600
800 ಕಿ.ಮೀ.: ಅ 17,000; ಆ 12,800; ಇ 15,200

ಗ್ರಾಫ್ ಹಾಳೆಯಲ್ಲಿ ಅಡ್ಡಕ್ಕೆ ಕಿಲೋಮೀಟರ್, ಉದ್ದಕ್ಕೆ ರೂಪಾಯಿ ಇಟ್ಟು ಎಳೆಯಿರಿ. ಇ ರೇಖೆ ಆ ರೇಖೆಯ ಕೆಳಗೆ ಸಮಾಂತರವಾಗಿ ಸಾಗಿ, 400ರಲ್ಲಿ ಚೂಪಾಗಿ ಮೇಲೆದ್ದು, 600ರಲ್ಲಿ ಅದನ್ನು ದಾಟುತ್ತದೆ. ಅ ರೇಖೆ 600ರವರೆಗೆ ಮೇಜಿನಂತೆ ಚಪ್ಪಟೆ. ಬಾಗುವ ಬಿಂದುಗಳನ್ನು ಮೊದಲು ಗುರುತಿಸಿ, ಆಮೇಲೆ ಸ್ಕೇಲು ಇಡಿ. ತುದಿಯ ಎರಡು ಬಿಂದು ಸೇರಿಸಿ ಒಂದೇ ಗೆರೆ ಎಳೆದರೆ ಬಾಗು ಮಾಯವಾಗುತ್ತದೆ.

ನಮ್ಮ ಪ್ರಯಾಣ 650 ಕಿ.ಮೀ. ಆ 11,900, ಇ 12,500, ಅ 14,000. ಆ ಅಗ್ಗ. ಆದರೆ 650 ಎಂಬುದು 600ಕ್ಕೆ ತೀರ ಹತ್ತಿರದಲ್ಲಿದೆ, ಆ ಮತ್ತು ಇ ನಡುವೆ ಇರುವುದು 600 ರೂಪಾಯಿ. ಪ್ರಯಾಣದ ದೂರ ಭೇಟಿಯ ಬಿಂದುವಿಗೆ ಇಷ್ಟು ಸಮೀಪವಿದ್ದರೆ ದೂರದ ಅಂದಾಜನ್ನು ಮತ್ತೊಮ್ಮೆ ನೋಡಿ. ಧರ್ಮಸ್ಥಳದಿಂದ ಸೌತಡ್ಕಕ್ಕೂ ಹೋಗಿ ಬರೋಣ ಎಂದು ಮನೆಯ ಹಿರಿಯರು ಹೇಳಿದರೆ ಆ ಇನ್ನಷ್ಟು ಲಾಭ. ಕುಕ್ಕೆ ಬಿಟ್ಟು ನೇರ ವಾಪಸಾದರೆ ಇಬ್ಬರೂ ಸರಿಸಮಕ್ಕೆ ಬರುತ್ತಾರೆ.

ಅ ಗಾಡಿಗೆ 2,100 ರೂ. ಹೆಚ್ಚು. ಅದು ಡ್ರೈವರಿಗೆ ನೀವು ಕೊಡುವ ನಿಜವಾದ ಬೆಲೆ. ಮಳೆಗಾಲದ ರಾತ್ರಿ ಶಿರಾಡಿ ಘಾಟಿಯಲ್ಲಿ ಸ್ಟೇರಿಂಗ್ ಹಿಡಿಯುವವರು ಮನೆಯಲ್ಲಿ ಒಬ್ಬರೇ ಇದ್ದರೆ, ನಾನಾಗಿದ್ದರೆ ಈ ದುಡ್ಡನ್ನು ಮರುಮಾತಿಲ್ಲದೆ ಕೊಡುತ್ತೇನೆ. ಸಮೀಕರಣ ಹೇಳುವುದು ಈ ಬೆಲೆ ಎಷ್ಟು ಎಂದಷ್ಟೇ.

ಘಾಟಿಯಲ್ಲಿ ಮೈಲೇಜ್ ಇಳಿದು 12ಕ್ಕೆ ಬಂದರೆ? ಕಿ.ಮೀ.ಗೆ 7.50 ಆಗುತ್ತದೆ. ಆ ಮತ್ತು ಇ ಒಂದೇ ಮಾದರಿಯ ಗಾಡಿಗಳಾದ್ದರಿಂದ ಅವುಗಳ ಭೇಟಿ 600ರಲ್ಲೇ ಉಳಿಯುತ್ತದೆ, ಡೀಸೆಲ್ ಎರಡೂ ಕಡೆ ಹೊಡೆದುಹೋಗುತ್ತದೆ. ಅ ಜೊತೆಗಿನ ಹೋಲಿಕೆ ಮಾತ್ರ ಬದಲಾಗುತ್ತದೆ.

### ದಿನ ಹೆಚ್ಚಾದರೆ ಮೊದಲಿಂದ ಶುರುಮಾಡಿ

ಅದೇ 650 ಕಿ.ಮೀ., ಮೂರು ದಿನ ಎಂದರೆ ಏನಾಗುತ್ತದೆ ನೋಡಿ. ಅ: ಕನಿಷ್ಠ 900 ಕಿ.ಮೀ.ಗೆ 18,000, ಬಾಟಾ 1,500, ಒಟ್ಟು 19,500. ಆ: 12,000 + 3,900 = 15,900. ಇ: ಉಚಿತ 600 ಕಿ.ಮೀ., 8,400 + 3,900 + 50 ಕಿ.ಮೀ.ಗೆ 600 = 12,900. ಎರಡು ದಿನಕ್ಕೆ ಸೋತಿದ್ದ ಇ ಈಗ ಮೂರು ಸಾವಿರ ಅಗ್ಗ.

ದಿನದ ಸಂಖ್ಯೆಯನ್ನೇ ‘ದಿ’ ಎಂದಿಟ್ಟು ಬಿಡಿಸಿದರೆ ಕಾರಣ ಕಾಣುತ್ತದೆ. ಇ: 2,800ದಿ + 6ಕಿ + 12(ಕಿ − 200ದಿ), ಅಂದರೆ 400ದಿ + 18ಕಿ. ಆ: 4,000ದಿ + 6ಕಿ. ಸಮ ಮಾಡಿದರೆ 12ಕಿ = 3,600ದಿ, ಕಿ = 300ದಿ. ದಿನಕ್ಕೆ ಸರಾಸರಿ 300 ಕಿ.ಮೀ. ಮೀರಿ ಓಡಿಸುವವರಿಗೆ ಆ, ಅದಕ್ಕಿಂತ ಕಡಿಮೆಗೆ ಇ. ದರ ಬದಲಾಗುವ ತನಕ ಈ ಒಂದು ಸಂಖ್ಯೆ ನೋಟ್‌ಬುಕ್ಕಿನಲ್ಲಿದ್ದರೆ ಪ್ರತಿ ಪ್ರಯಾಣಕ್ಕೂ ಹೊಸ ಲೆಕ್ಕ ಬೇಡ.

## ಹಂತ 7: ದರವೇ ಗೊತ್ತಿಲ್ಲದಿದ್ದರೆ ಹಳೆಯ ಬಿಲ್ಲಿನಿಂದ ಬಿಡಿಸಿ

ಕೆಲವರು ದರ ಹೇಳುವುದಿಲ್ಲ, ‘ಎಲ್ಲ ಸೇರಿ ಇಷ್ಟು’ ಎನ್ನುತ್ತಾರೆ. ಅವರ ಎರಡು ಬಿಲ್ಲು ಸಿಕ್ಕರೆ ಸಾಕು. ಎರಡೂ ಎರಡೆರಡು ದಿನದ ಪ್ರಯಾಣ: ಒಂದರಲ್ಲಿ 420 ಕಿ.ಮೀ.ಗೆ 9,160 ರೂ., ಇನ್ನೊಂದರಲ್ಲಿ 560 ಕಿ.ಮೀ.ಗೆ 11,680 ರೂ. ಸ್ಥಿರ ಮೊತ್ತ ‘ಸ್ಥಿ’, ಕಿ.ಮೀ. ದರ ‘ದ’ ಎಂದಿಡಿ.

ಸ್ಥಿ + 420ದ = 9,160
ಸ್ಥಿ + 560ದ = 11,680

ಇಲ್ಲಿ ವರ್ಜಿಸುವ ವಿಧಾನ ಸರಿ. ಕೆಳಗಿನದರಿಂದ ಮೇಲಿನದನ್ನು ಕಳೆದರೆ ಸ್ಥಿ ಹೋಗುತ್ತದೆ: 140ದ = 2,520, ದ = 18. ಸ್ಥಿ = 9,160 − 7,560 = 1,600, ದಿನಕ್ಕೆ 800.

ಎರಡೂ ಬಿಲ್ಲು ಅಷ್ಟೇ ದಿನದ್ದಾಗಿರಬೇಕು, ಕನಿಷ್ಠ ಕಿಲೋಮೀಟರ್ ದಾಟಿರಬೇಕು, ಟೋಲ್ ತೆಗೆದಿರಬೇಕು. ಒಂದು ದಿನದ ಬಿಲ್ಲನ್ನೂ ಎರಡು ದಿನದ ಬಿಲ್ಲನ್ನೂ ಜೋಡಿಸಿದರೆ ಸ್ಥಿ ಎರಡರಲ್ಲೂ ಒಂದೇ ಅಲ್ಲ, ಕಳೆದುಹೋಗುವುದಿಲ್ಲ. ಸ್ಥಿ ಋಣಸಂಖ್ಯೆಯಾಗಿ ಬಂದರೆ ಇಂಥದ್ದೇ ಏನೋ ಬೆರೆತಿದೆ. ಮೂರನೇ ಬಿಲ್ಲು ಇದ್ದರೆ ತಾಳೆಗೆ ಇಟ್ಟುಕೊಳ್ಳಿ: 500 ಕಿ.ಮೀ.ಗೆ 1,600 + 9,000 = 10,600 ಬರಬೇಕು. 11,400 ಬರೆದಿದ್ದರೆ ಹೆಚ್ಚಾದದ್ದು ಸರಿಯಾಗಿ 800, ಒಂದು ದಿನದ ಸ್ಥಿರ ಮೊತ್ತ. ರಾತ್ರಿ ಹನ್ನೆರಡು ದಾಟಿ ಮನೆ ತಲುಪಿದ್ದಿರೇ ಎಂದು ನೆನಪಿಸಿಕೊಳ್ಳಿ.

## ಹಂತ 8: ಇದೇ ಕ್ರಮ ಬಾಡಿಗೆ ಮನೆಗೆ

ಇಲ್ಲಿ ಬದಲಾಗುವುದು ತಿಂಗಳು, ‘ತಿಂ’ ಎಂದಿಡಿ. ಮೊದಲ ಮನೆ: ಬಾಡಿಗೆ 16,000, ಅಡ್ವಾನ್ಸ್ 1,00,000, ಪರಿಚಯದವರದ್ದು. ಎರಡನೇ ಮನೆ: ಬಾಡಿಗೆ 14,500, ಅಡ್ವಾನ್ಸ್ 2,50,000, ಬ್ರೋಕರಿಗೆ ಒಂದು ತಿಂಗಳ ಬಾಡಿಗೆ. ಬಿಡುವಾಗ ಪೇಂಟಿಂಗ್‌ಗೆ ಎರಡೂ ಕಡೆ 15,000 ಹಿಡಿಯುತ್ತಾರೆ. ಒಂದೇ ಮೊತ್ತ, ಬಿಡಿ.

ಅಡ್ವಾನ್ಸ್ ವಾಪಸ್ ಬರುತ್ತದೆ, ಆದರೆ ಗಾಡಿಯ ಡಿಪಾಸಿಟ್‌ನಂತೆ ಎರಡು ದಿನಕ್ಕಲ್ಲ. ವರ್ಷಗಟ್ಟಲೆ ಬಡ್ಡಿಯಿಲ್ಲದೆ ಮಾಲೀಕರ ಬಳಿ ಇರುತ್ತದೆ. ಬ್ಯಾಂಕಿನಲ್ಲಿ ವರ್ಷಕ್ಕೆ 6% ಸಿಗುತ್ತಿತ್ತು ಎಂದುಕೊಂಡರೆ ಲಕ್ಷಕ್ಕೆ ತಿಂಗಳಿಗೆ 500 ರೂ. ಕಳೆದುಕೊಂಡಂತೆ. ಅಸಲನ್ನು ಬಿಟ್ಟು, ಈ ಬಡ್ಡಿಯನ್ನು ಮಾತ್ರ ಸೇರಿಸಿ:

ಮೊದಲ ಮನೆ: ವೆ = 16,500ತಿಂ
ಎರಡನೇ ಮನೆ: ವೆ = 14,500 + 15,750ತಿಂ

ಸಮ ಮಾಡಿದರೆ 750ತಿಂ = 14,500, ತಿಂ = 19.33. 11 ತಿಂಗಳ ಕರಾರು ಮುಗಿದೊಡನೆ ಬಿಡುವವರಿಗೆ ‘ಕಡಿಮೆ ಬಾಡಿಗೆ’ಯ ಮನೆಯೇ ದುಬಾರಿ. ಅದು ಲಾಭಕ್ಕೆ ತಿರುಗುವುದು 20ನೇ ತಿಂಗಳಲ್ಲಿ.

ಇಲ್ಲೂ ರೇಖೆ ಬಾಗುತ್ತದೆ. 11 ತಿಂಗಳಾದ ಮೇಲೆ ಎರಡೂ ಮನೆಗೆ 5% ಏರಿದರೆ ಬಾಡಿಗೆ 16,800 ಮತ್ತು 15,225. ಬಡ್ಡಿ ಸೇರಿ 17,300 ಮತ್ತು 16,475. ತಿಂಗಳ ವ್ಯತ್ಯಾಸ 750ರಿಂದ 825ಕ್ಕೆ ಹೋಗುತ್ತದೆ. ಮೊದಲ 11 ತಿಂಗಳಲ್ಲಿ ಉಳಿದದ್ದು 8,250. ಬ್ರೋಕರಿಗೆ ಕೊಟ್ಟ 14,500ರಲ್ಲಿ ಇನ್ನೂ 6,250 ಬಾಕಿ. ಅದನ್ನು 825ರಿಂದ ಭಾಗಿಸಿದರೆ 7.58. ಹಾಗಾದರೆ ಭೇಟಿ 19ನೇ ತಿಂಗಳಲ್ಲಿ.

## ತಪ್ಪಾಗಿದೆ ಎಂದು ತಿಳಿಸುವ ಸೂಚನೆಗಳು

ಕಿ ಋಣಸಂಖ್ಯೆ ಬಂದರೆ ಚಿಹ್ನೆ ನೋಡಿ. ಚಿಹ್ನೆ ಸರಿಯಿದ್ದರೆ ಒಂದು ದರ ಮೊದಲ ಕಿಲೋಮೀಟರಿನಿಂದಲೇ ಅಗ್ಗ. 0 = 0 ಬಂದರೆ ಎರಡು ದರಗಳೂ ಒಂದೇ, ಹೇಳುವ ರೀತಿ ಮಾತ್ರ ಬೇರೆ. ಗ್ರಾಫಿನ ಭೇಟಿಯೂ ಲೆಕ್ಕದ ಭೇಟಿಯೂ ಬೇರೆಯಾದರೆ ಮೊದಲು ವ್ಯಾಪ್ತಿಯನ್ನು ಅನುಮಾನಿಸಿ, ಆಮೇಲೆ ಗ್ರಾಫನ್ನು. ದರಪಟ್ಟಿಯಲ್ಲಿ ಕನಿಷ್ಠ, ಉಚಿತ, ಮೀರಿದರೆ, ನಂತರ ಎಂಬ ಪದಗಳಲ್ಲಿ ಒಂದಿದ್ದೂ ನಿಮ್ಮ ಹಾಳೆಯಲ್ಲಿ ಅದಕ್ಕೆ ಒಂದೇ ಸಾಲಿದ್ದರೆ, ಅಡ್ವಾನ್ಸ್ ಕಳಿಸುವ ಮೊದಲು ಮೂರನೇ ಹಂತಕ್ಕೆ ಹಿಂತಿರುಗಿ.